ಸಹಾಯ ಬೇಕು: ಎಡಬಾಗಿಲ ಪವರ್ ವಿಂಡೋ ಇಳಿಯುತ್ತೆ, ಏರಲ್ಲ

ನಮಸ್ಕಾರ. 2009ರ ಹ್ಯಾಚ್‌ಬ್ಯಾಕ್ ಕಾರು. ಮುಂದಿನ ಎಡಬಾಗಿಲ ಗಾಜು ಅದೇ ಬಾಗಿಲ ಸ್ವಿಚ್ ಒತ್ತಿದರೆ ಸರಾಗವಾಗಿ ಇಳಿಯುತ್ತೆ, ಆದರೆ ಏರಲ್ಲ. ಡ್ರೈವರ್ ಕಡೆಯ ಸ್ವಿಚ್‌ನಿಂದ ಎರಡೂ ಆಗಲ್ಲ. ಫ್ಯೂಸ್ ಸರಿಯಿದೆ, ಉಳಿದ ಕಿಟಕಿಗಳೂ ಸರಿ.

ಗ್ಯಾರೇಜಿನವರು ಮೋಟರ್, ರೆಗ್ಯುಲೇಟರ್ (ಗಾಜನ್ನು ಏರಿಸಿ ಇಳಿಸುವ ಯಾಂತ್ರಿಕ ಭಾಗ) ಎರಡನ್ನೂ ಬದಲಿಸಿ ಅಂತಾರೆ. ನನಗೆ ಒಪ್ಪಿಗೆಯಾಗ್ತಿಲ್ಲ. ಗಾಜನ್ನು ಸರಾಗವಾಗಿ ಇಳಿಸ್ತಿರೋ ಮೋಟರ್ ಕೆಟ್ಟಿರೋದು ಹೇಗೆ? ಗಾಜು ಏರುವಾಗ ಕರೆಂಟ್ ಡ್ರೈವರ್ ಕಡೆಯ ಸ್ವಿಚ್ ಮೂಲಕವೇ ಅರ್ಥ್‌ಗೆ ಮರಳಬೇಕಲ್ವಾ? ಬಾಗಿಲ ಕೀಲಿನ (ಹಿಂಜ್) ಬಳಿಯ ರಬ್ಬರ್ ಕೊಳವೆಯೊಳಗೆ, ಹಾಗೆ ಕರೆಂಟ್ ಮರಳುವ ವೈರ್ ತುಂಡಾಗಿದೆ ಅನ್ನೋದು ನನ್ನ ಅನುಮಾನ.

ಬಾಗಿಲು ಕಳಚದೆ ಆ ವೈರ್ ಬೆಸುಗೆ ಹಾಕಿದವರಿದ್ದೀರಾ? ಡ್ರೈವರ್ ಕಡೆಯ ಸ್ವಿಚ್ಚನ್ನೇ ಮೊದಲು ಬಿಚ್ಚಿ ನೋಡಬೇಕಾ? ಶಿವಮೊಗ್ಗದಲ್ಲಿ ಒಳ್ಳೆಯ ಆಟೋ ಎಲೆಕ್ಟ್ರೀಷಿಯನ್ ಗೊತ್ತಿದ್ದರೂ ದಯವಿಟ್ಟು ತಿಳಿಸಿ. ಮಳೆ ಹಿಡಿದಿದೆ, ಸೀಟೆಲ್ಲಾ ನೆನೀತಿದೆ.