ವಿಎಚ್‌ಎಸ್ ದೃಶ್ಯ ನಿಧಾನ ಮಾಡಿದರೆ ಗೆರೆ ಬರುತ್ತವೆ, ಹಲಗಿ ಸದ್ದೂ ತಡ – ಏನು ಮಾಡಲಿ?

ಹಳೇಓಣಿ (ಬಾಗಲಕೋಟೆ):
ಅವ್ವ ತೀರಿಕೊಂಡ ಮೇಲೆ ಒಂದು ಸಣ್ಣ ಪ್ರಯೋಗದ ಸಿನಿಮಾ ಮಾಡುತ್ತಿದ್ದೇನೆ. ಕತೆಯಿಲ್ಲ, ಮಾತಿಲ್ಲ. ತೊಂಬತ್ತರ ದಶಕದ ಹೋಳಿಯ ವಿಎಚ್‌ಎಸ್ ಟೇಪ್ ಒಂದೇ ಆಧಾರ. ಹಳೇ ಬಾಗಲಕೋಟೆಯ ಆ ಓಣಿ ಆಲಮಟ್ಟಿ ಹಿನ್ನೀರಿನಲ್ಲಿ ಮುಳುಗಡೆಯಾಗಿದೆ. ಅವ್ವ ಬಾಗಿಲಲ್ಲಿ ನಿಂತು, ಬಣ್ಣ ಬೀಳದ ಹಾಗೆ ಸೆರಗು ತಲೆ ಮೇಲೆ ಎಳೆದುಕೊಳ್ಳುತ್ತಾಳೆ. ಅಷ್ಟನ್ನು ನಾಲ್ಕು ಪಟ್ಟು ನಿಧಾನ ಮಾಡಬೇಕು. ಮಾಡಿದರೆ ಸೆರಗಿನ ಅಂಚು ಬಾಚಣಿಗೆ ಹಲ್ಲಿನಂತೆ ಹರಿಯುತ್ತದೆ. ಎಡಿಟಿಂಗ್ ಸಾಫ್ಟ್‌ವೇರ್‌ನ ಆಪ್ಟಿಕಲ್ ಫ್ಲೋ (ನಡುವೆ ಹೊಸ ಫ್ರೇಮ್ ತುಂಬುವ ಸೌಲಭ್ಯ) ಹಾಕಿದರೆ ಮುಖವೇ ಕಲಸಿಹೋಗುತ್ತದೆ. ಜೊತೆಗೆ, ಟೇಪಿನ ಕೊನೆಗೆ ಬರುವಷ್ಟರಲ್ಲಿ ಹಲಗಿಗೆ ಕೋಲು ಬಿದ್ದು ಆಮೇಲೆ ಸದ್ದು ಕೇಳುತ್ತದೆ. ಅಂಗಡಿಯವರು ಮಾಡಿಕೊಟ್ಟ ಎಂಪಿ4 ಇದೆ, ಟೇಪೂ ಇದೆ.

ಕುಂದಾನಗರಿ (ಬೆಳಗಾವಿ):
ಮೊದಲು ಎಂಪಿ4 ಅನ್ನು ಒಂದೊಂದೇ ಫ್ರೇಮ್ ಸರಿಸಿ ನೋಡಿ. ಗೆರೆ ಚೂಪಾಗಿದ್ದರೆ ಒಳ್ಳೇದೇ. ಪಾಲ್ ವಿಡಿಯೊದಲ್ಲಿ (ನಮ್ಮ ಕಡೆಯ ಹಳೇ ಟಿವಿ ಪದ್ಧತಿ) ಸೆಕೆಂಡಿಗೆ 25 ಫ್ರೇಮ್, ಒಂದೊಂದರಲ್ಲೂ ಎರಡು ಫೀಲ್ಡ್, ಅಂದರೆ ಸಾಲು ಬಿಟ್ಟು ಸಾಲಿನ ಎರಡು ಅರ್ಧ ಚಿತ್ರ. ಅಂದರೆ ಸೆಕೆಂಡಿಗೆ 50 ಬೇರೆ ಬೇರೆ ಕ್ಷಣಗಳು ನಿಮ್ಮ ಹತ್ತಿರ ಇವೆ. ಎರಡೂ ಫೀಲ್ಡ್ ಮಸುಕಾಗಿ ಬೆರೆತಿದ್ದರೆ ಮಾತ್ರ ಟೇಪನ್ನೇ ಮತ್ತೆ ಕ್ಯಾಪ್ಚರ್ ಮಾಡಬೇಕು (ಕಂಪ್ಯೂಟರಿಗೆ ಇಳಿಸಿಕೊಳ್ಳಬೇಕು).

ಚಿತ್ರದ ಅಳತೆ ಬದಲಿಸುವ ಮುಂಚೆಯೇ ಕ್ಯೂಟಿಜಿಎಂಸಿ ಎಂಬ ಫಿಲ್ಟರಿನಲ್ಲಿ ಡಿಇಂಟರ್ಲೇಸ್ ಮಾಡಿ (ಒಂದೊಂದು ಫೀಲ್ಡನ್ನೂ ಪೂರ್ತಿ ಫ್ರೇಮ್ ಮಾಡಿ), ಸೆಕೆಂಡಿಗೆ 50 ಫ್ರೇಮ್‌ಗೆ ತೆಗೆಯಿರಿ. ಚಲನೆ ಹಿಂದೆ-ಮುಂದೆ ಜಗ್ಗಿದರೆ ಫೀಲ್ಡ್ ಕ್ರಮ ತಿರುವಿ ಹಾಕಿ. ಆಮೇಲೆ ಆ ಕ್ಲಿಪ್ಪಿನ ವೇಗವನ್ನು 50% ಮಾಡಿ 25ರ ಟೈಮ್‌ಲೈನ್‌ಗೆ ಹಾಕಿದರೆ, ಹೊಸ ಫ್ರೇಮ್ ಹುಟ್ಟಿಸದೆಯೇ ಅರ್ಧ ವೇಗ ಸಿಗುತ್ತದೆ. ಇನ್ನೂ ನಿಧಾನ ಬೇಕೆಂದರೆ ಒಂದೊಂದು ಫ್ರೇಮನ್ನೂ ಎರಡು ಸಲ ತೋರಿಸಿ. ಸ್ವಲ್ಪ ತಡವರಿಸುತ್ತದೆ, ಇರಲಿ ಬಿಡಿ. ಆಪ್ಟಿಕಲ್ ಫ್ಲೋ ನಡುವಿನ ಫ್ರೇಮುಗಳನ್ನು ಅಂದಾಜಿನ ಮೇಲೆ ಹುಟ್ಟಿಸುತ್ತದೆ. ಅವ್ವ ಹೊಡೆಯದ ರೆಪ್ಪೆಯನ್ನು ಮೆಷೀನ್ ಹೊಡೆಸೋದು ಇಂಥ ಸಿನಿಮಾದಲ್ಲಿ ಬೇಡವೇ ಬೇಡ. ಮುಖ ಚೂಪು ಮಾಡುವ ಎಐ ಕೂಡ ಅಷ್ಟೇ.

ಸದ್ದು ತಡವಾಗಿದೆ ಅಂದರೆ ಕ್ಯಾಪ್ಚರ್ ಮಾಡುವಾಗ ಫ್ರೇಮ್ ಬಿಟ್ಟುಹೋಗಿರಬೇಕು. ಹಲಗಿ ಪೆಟ್ಟು ಕಾಣುವ ಜಾಗಗಳನ್ನು ಗುರುತು ಮಾಡಿ. ತಡ ಒಂದೇ ಸಮ ಬೆಳೆಯುತ್ತಿದ್ದರೆ ಆಡಿಯೊವನ್ನು ಕುಗ್ಗಿಸಿದರೆ ಸಾಕು. ಜಿಗಿಯುತ್ತಿದ್ದರೆ ಪೆಟ್ಟಿಗೊಮ್ಮೆ ಕತ್ತರಿಸಿ ಕೂಡಿಸಬೇಕು. ಅದಕ್ಕಿಂತ ಟೈಮ್ ಬೇಸ್ ಕರೆಕ್ಟರ್ (ಟೇಪಿನ ಸಿಗ್ನಲ್ಲಿನ ಸಮಯದ ಏರುಪೇರು ಸರಿಮಾಡುವ ಪೆಟ್ಟಿಗೆ) ಇಟ್ಟು ಮತ್ತೆ ಕ್ಯಾಪ್ಚರ್ ಮಾಡೋದೇ ವಾಸಿ. ಅದಿಲ್ಲದಿದ್ದರೆ ವಿಸಿಆರ್‌ಗೂ ಕ್ಯಾಪ್ಚರ್ ಕಾರ್ಡಿಗೂ ನಡುವೆ ಕೆಲವು ಹಳೇ ಡಿವಿಡಿ ರೆಕಾರ್ಡರ್‌ಗಳೂ ನಡೆಯುತ್ತವೆ.

ಗುಮ್ಮಟ (ವಿಜಯಪುರ):
ವಿಸಿಆರ್‌ಗೆ ಹಾಕೋ ಮುಂಚೆ ಟೇಪಿನ ಸುರುಳಿ ನೋಡಿ. ಬಿಳಿ ಬೂಷ್ಟು ಕಂಡರೆ ಓಡಿಸಲೇಬೇಡಿ, ಮೊದಲು ಕ್ಲೀನ್ ಮಾಡಿಸಿ. ಕ್ಯಾಸೆಟ್ ಬೆನ್ನಿನ ರೆಕಾರ್ಡ್ ಟ್ಯಾಬ್ ಇನ್ನೂ ಇದ್ದರೆ ಮುರಿದುಬಿಡಿ. ಯಾರೋ ಕೈತಪ್ಪಿ ಬಟನ್ ಒತ್ತಿದರೂ ಅಳಿಯೋದಿಲ್ಲ.

ಹಳೇಓಣಿ:
ಗೆರೆ ಚೂಪಾಗೇ ಇದ್ದವು. ಟಾಪ್ ಫೀಲ್ಡ್ ಮೊದಲು ಅಂತ ಕೊಟ್ಟೆ, ಸೆರಗು ನೆಟ್ಟಗೆ ಬಂತು. ತಡವರಿಕೆ ಹಾಗೇ ಇಡುತ್ತೇನೆ, ಅದೇ ನಿಜ ಅನ್ನಿಸುತ್ತಿದೆ. ಸದ್ದು ಮಾತ್ರ ಜಿಗಿಯುತ್ತಿದೆ. ಬೂಷ್ಟಿಲ್ಲ, ಟ್ಯಾಬ್ ಮುರಿದಿದ್ದೇನೆ. ನವನಗರದ ಕಡೆ ಯಾರ ಹತ್ತಿರವಾದರೂ ಡಿವಿಡಿ ರೆಕಾರ್ಡರ್ ಇದ್ದರೆ ತಿಳಿಸಿ, ಟೇಪ್ ಹಿಡಿದು ನಾನೇ ಬರುತ್ತೇನೆ.