ಪದ ಬೇಕು: ‘ಇಲ್ಲಿ ಯಜಮಾನ ಯಾರು?’ ಅಂದರೆ ನಿಮಗೆ ಏನು ಕೇಳಿಸುತ್ತದೆ?

ಗೆಳೆಯರೇ, ಒಂದು ಪದದ ಹತ್ತಿರ ಬಂದು ನಿಂತುಬಿಟ್ಟಿದ್ದೇನೆ.

ಫ್ರಿಡ್ರಿಖ್ ಎರ್ಮ್ಲರ್ 1929ರಲ್ಲಿ ಮಾಡಿದ ರಷ್ಯನ್ ಮೂಕಿ ಚಿತ್ರ ‘ಸಾಮ್ರಾಜ್ಯದ ಚೂರು’. ನಾಲ್ಕಾರು ಜನ ಕೂತು ನೋಡೋಣ ಅಂತ ಅದರಲ್ಲಿ ಮಾತಿನ ಬದಲು ಬರುವ ಬರಹದ ಫಲಕಗಳನ್ನು ಕನ್ನಡಕ್ಕೆ ತರುತ್ತಿದ್ದೇನೆ. ಮೊದಲ ಮಹಾಯುದ್ಧದಲ್ಲಿ ನೆನಪು ಕಳೆದುಕೊಂಡ ಫಿಲಿಮೊನೊವ್‌ಗೆ ಸುಮಾರು ಹತ್ತು ವರ್ಷದ ಮೇಲೆ ತಾನು ಯಾರು ಅಂತ ಗೊತ್ತಾಗುತ್ತದೆ. ಹೊಲಿಗೆ ಮಷೀನ್ ಓಡುತ್ತಾ ಓಡುತ್ತಾ ಮಷೀನ್ ಗನ್ ಆಗುವ ಜಾಗವೊಂದಿದೆ. ಮೂಕಿಯಾದರೂ ಸದ್ದು ಕಿವಿಗೆ ಬಡಿಯುತ್ತದೆ! ಸರಿ, ಊರಿಗೆ ಬಂದರೆ ಊರಿನ ಹೆಸರೇ ಬೇರೆ. ಪೀಟರ್ಸ್‌ಬರ್ಗ್ 1914ರಲ್ಲಿ ಪೆಟ್ರೊಗ್ರಾಡ್ ಆಯಿತು, 1924ರಲ್ಲಿ ಲೆನಿನ್‌ಗ್ರಾಡ್. ನಡುವೆ ಕ್ರಾಂತಿ ಆಗಿಹೋಗಿದೆ: ತ್ಸಾರ್ ಚಕ್ರವರ್ತಿ ಇಲ್ಲ, ಕಾರ್ಖಾನೆಯ ಹಳೇ ದೊರೆಗಳೂ ಇಲ್ಲ. ಪಾಪ, ‘ಇಲ್ಲಿ ಖಜ್ಯಾಯಿನ್ ಯಾರು?’ ಅಂತ ಕೇಳುತ್ತಾನೆ.

ಒಡೆತನ ಇರುವವನು ಅನ್ನುವ ಈ ರಷ್ಯನ್ ಪದ ಖಜ್ಯಾಯಿನ್‌ಗೆ ಕನ್ನಡದಲ್ಲಿ ಏನು ಹಾಕಲಿ?

‘ಮಾಲೀಕ’ ಅಂದರೆ ಬಾಡಿಗೆ ಕರಾರು ಓದಿದ ಹಾಗಿದೆ. ‘ಒಡೆಯ’ ಅಂದರೆ ನಮ್ಮ ಮೈಸೂರು ಕಡೆಯವರಿಗೆ ಅರಮನೆ ಕಾಣುತ್ತದೆ. ‘ಧಣಿ’ ಚೆನ್ನಾಗಿದೆ, ಆದರೆ ಅದು ಮನೆಯೊಳಗೆ ಬರುವುದಿಲ್ಲ. ಮನೆ ಯಾಕೆ ಅಂತೀರಾ? ಅವನ ಹೆಂಡತಿ ಈಗ ಇನ್ನೊಬ್ಬನನ್ನು ಮದುವೆಯಾಗಿದ್ದಾಳೆ. ಆ ಆಸಾಮಿ ಹೊರಗೆ ಹೆಂಗಸರ ಹಕ್ಕಿನ ಬಗ್ಗೆ ಭಾಷಣ ಬಿಗಿಯುತ್ತಾನೆ, ಮನೆಯಲ್ಲಿ ಹೆಂಡತಿ ಮೇಲೆ ಎಗರಾಡುತ್ತಾನೆ. ರಷ್ಯನ್ ಆಡುಮಾತಿನಲ್ಲಿ ಹೆಂಗಸರು ಗಂಡನನ್ನೂ ಖಜ್ಯಾಯಿನ್ ಅನ್ನುವುದುಂಟು. ಬಾಗಿಲಿಗೆ ಬಂದವರಿಗೆ ನಮ್ಮಮ್ಮ ‘ಯಜಮಾನ್ರು ಮನೇಲಿಲ್ಲ’ ಅನ್ನುತ್ತಿದ್ದರಲ್ಲ, ಅದೇ. ಕಾರ್ಖಾನೆಯ ಪ್ರಶ್ನೆ ಈ ಮನೆಗೂ ಒಂಚೂರು ತಾಗಲಿ ಅಂತ ನನ್ನ ಆಸೆ.

‘ಯಜಮಾನ’ದಲ್ಲಿ ಇನ್ನೊಂದು ಮಜಾ ಇದೆ. ಗಡ್ಡ ಬಿಟ್ಟ ಫಿಲಿಮೊನೊವ್ ನಮ್ಮ ಬಸ್ಸು ಹತ್ತಿದ್ದರೆ ಕಂಡಕ್ಟರು ‘ಯಜಮಾನ್ರೇ, ಒಳಗೆ ಹೋಗಿ’ ಅನ್ನುತ್ತಿದ್ದರು. ಯಜಮಾನ ಯಾರು ಅಂತ ಕೇಳುವವನೇ ಯಜಮಾನ! ದುಡಿಯುವವರೇ ಕಾರ್ಖಾನೆಗೆ ಒಡೆಯರು ಅನ್ನುವ ಚಿತ್ರಕ್ಕೆ ಇದಕ್ಕಿಂತ ಜಾಸ್ತಿ ಏನು ಬೇಕು?

ಆದರೂ ಒಂದು ಅಳುಕು. ಫಲಕ ತೆರೆಯ ಮೇಲೆ ನಿಲ್ಲುವುದು ಕೆಲವೇ ಸೆಕೆಂಡು. ಅಷ್ಟರಲ್ಲಿ ಯಾರಾದರೂ ‘ಯಾರ ಗಂಡ?’ ಅಂತ ನಕ್ಕುಬಿಟ್ಟರೆ ದೃಶ್ಯ ಕೆಟ್ಟಿತು, ಅಲ್ವಾ? ಬಡಗಣ ಕರ್ನಾಟಕದವರು ಇಲ್ಲಿ ‘ಸಾವ್ಕಾರ’ ಅನ್ನುತ್ತೀರಾ? ಗಂಡನಿಗೂ ಆ ಮಾತು ನಡೆಯುತ್ತದಾ? ಮನೆಯಲ್ಲಿ ಹಿರಿಯರು ಇದ್ದರೆ ಅವರನ್ನೇ ಕೇಳಿ ಬರೆಯಿರಿ, ನಿಘಂಟು ನನ್ನ ಹತ್ತಿರವೂ ಇದೆ.