ಅಂಗಡಿಯ ಲೆಕ್ಕ ಬರೆಯುವವರನ್ನು ಏನಂತ ಕರೆಯೋದು?

ಪರಿಚಯದವರೊಬ್ಬರು ತಮ್ಮದೇ ದುಡ್ಡು ಹಾಕಿ ಒಂದು ಸಣ್ಣ ಸಿನಿಮಾ ಮಾಡುತ್ತಿದ್ದಾರೆ. ದಾವಣಗೆರೆಯಲ್ಲಿ ರೈತರ ಮಾಲನ್ನು ಕಮಿಷನ್ ಮೇಲೆ ಮಾರಿಕೊಡುವ ಅಡತಿ ಅಂಗಡಿಯಲ್ಲಿ ಲೆಕ್ಕ ಬರೆಯುವ ಒಬ್ಬ ಹಿರಿಯರು, ಕಂಪ್ಯೂಟರಿನಲ್ಲಿ ಲೆಕ್ಕ ಇಡುವ ‘ಟ್ಯಾಲಿ’ ಸಾಫ್ಟ್‌ವೇರ್ ಮುಂದೆ ಕೂತ ಒಬ್ಬ ಹುಡುಗಿ, ಮಾರ್ಚ್ ಕೊನೆಯ ವಾರ. ಕಥೆ ಅಷ್ಟೇ. ಮಾತುಗಳನ್ನು ನೋಡಿಕೊಡಿ ಅಂತ ನನಗೆ ಕೊಟ್ಟಿದ್ದಾರೆ. ಕೆಲವು ಪದಗಳಿಗೆ ನಿಮ್ಮ ನೆರವು ಬೇಕು.

ಮೊದಲು ಆ ಹಿರಿಯರ ಕೆಲಸದ ಹೆಸರು. ‘ಲೆಕ್ಕಪರಿಶೋಧಕ’ ಖಂಡಿತ ಅಲ್ಲ. ಅವರು ಬರೆದದ್ದನ್ನು ಪರೀಕ್ಷೆ ಮಾಡುವವರು, ಬರೆಯುವವರಲ್ಲ. ‘ಲೆಕ್ಕಿಗ’ ಚೆನ್ನಾಗಿದೆ, ಆದರೆ ಕೇಳಿದವರಿಗೆ ಗ್ರಾಮ ಲೆಕ್ಕಿಗರೇ ನೆನಪಾಗುತ್ತಾರೆ. 1961ರ ಕಾಯ್ದೆಯಿಂದ ಶಾನುಭೋಗಿಕೆ ಹೋದ ಮೇಲೆ ಬಂದ ಹುದ್ದೆ ಅದು. ಅವರದು ಪಹಣಿ, ಕಂದಾಯದ ಲೆಕ್ಕ. ‘ಕರಣಿಕ’ ಶಾಸನಗಳಿಗೇ ಸರಿ. ‘ಗುಮಾಸ್ತ’ ಹತ್ತಿರ ಬರುತ್ತದೆ, ಆದರೆ ಕಾಗದಪತ್ರ ನೋಡುವವರೆಲ್ಲ ಗುಮಾಸ್ತರೇ ಅಲ್ವಾ? ಕೊಡಗು, ಚಿಕ್ಕಮಗಳೂರಿನ ಕಾಫಿ ತೋಟಗಳಲ್ಲಿ ‘ರೈಟ್ರು’ ಅಂತಾರೆ. ಅದನ್ನು ದಾವಣಗೆರೆಗೆ ತಂದರೆ ಒಪ್ಪುವುದಿಲ್ಲ. ಹಾಗಾದರೆ ಇವರನ್ನು ಏನಂತ ಕರೆಯಲಿ?

ಪುಸ್ತಕಗಳ ಹೆಸರಿನಲ್ಲಿ ತೊಂದರೆ ಇಲ್ಲ. ದಿನದ ಜಮಾಖರ್ಚಿನ ಕಿರ್ದಿ, ಬಾಬುವಾರು ಲೆಕ್ಕದ ಖಾತೆ, ಖಾತೆಗಳ ಮೊತ್ತ ತಾಳೆ ನೋಡುವ ತೇರೀಜು, ಆಸ್ತಿ-ಸಾಲ ತೋರಿಸುವ ಅಢಾವೆ ಪತ್ರಿಕೆ. ಸಹಕಾರ ಸಂಘಗಳ ವರದಿಯಲ್ಲಿ ಇವತ್ತಿಗೂ ಕೊನೆಗೆ ಉಳಿದ ಹಣಕ್ಕೆ ‘ಆಖೈರು ಶಿಲ್ಕು’ ಅಂತಲೇ ಅಚ್ಚಾಗುತ್ತದೆ. ಇವನ್ನು ತೆಗೆದು ಹೊಸ ಪದ ಕಟ್ಟಬೇಡಿ ಅಂತ ಅವರಿಗೆ ಹೇಳಿದ್ದೇನೆ. ಈ ಪದಗಳಲ್ಲಿ ಮಂಡಿಪೇಟೆಯ ವಾಸನೆ ಇದೆ, ಅದು ತೆರೆಯ ಮೇಲೆ ಬರಬೇಕು.

ನಾನು ನಿಂತಿರುವುದು ಒಂದು ದೃಶ್ಯದಲ್ಲಿ. ರಾತ್ರಿ ಹನ್ನೊಂದಾಗಿದೆ. ಲೆಕ್ಕದಲ್ಲಿ 90 ರೂಪಾಯಿ ವ್ಯತ್ಯಾಸ. ಹುಡುಗಿ ‘ಟ್ಯಾಲಿ ಆಗ್ತಿಲ್ಲ’ ಅಂತಾಳೆ, ಹಿರಿಯರು ‘ತಾಳೆ ಬೀಳ್ತಿಲ್ಲ’ ಅಂತಾರೆ. ಅವಳು ಮೊದಲಿನಿಂದ ಕೂಡಲು ಹೊರಟಾಗ ಅವರು ತಡೆಯುತ್ತಾರೆ. 90 ಅಂದರೆ ಒಂಬತ್ತರಿಂದ ಭಾಗ ಹೋಗುತ್ತದೆ, ಹಾಗಾಗಿ ಎಲ್ಲೋ ಎರಡು ಅಂಕಿ ಹಿಂದುಮುಂದಾಗಿರಬೇಕು. ಪುಟದ ಮೇಲಿಂದ ಬೆರಳು ಇಳಿಸುತ್ತಾ ಬರುತ್ತಾರೆ. ಹಮಾಲಿ ಖರ್ಚು 450 ಇರಬೇಕಾದಲ್ಲಿ 540 ಇದೆ. ಪಕ್ಕದ ಅಂಕಿಗಳು ಹೀಗೆ ಜಾಗ ಬದಲಿಸಿದರೆ ವ್ಯತ್ಯಾಸ ಯಾವಾಗಲೂ ಒಂಬತ್ತರ ಮಗ್ಗಿಯಲ್ಲೇ ಬೀಳುತ್ತದೆ. ಲೆಕ್ಕದವರ ಬುದ್ಧಿ ಇಷ್ಟು ಚೆನ್ನಾಗಿ ಕಾಣುವ ಜಾಗ ಸಿನಿಮಾದಲ್ಲಿ ಇನ್ನೊಂದಿಲ್ಲ.

ಈ ತಪ್ಪಿಗೆ ಹುಡುಗಿ ‘ಟ್ರಾನ್ಸ್‌ಪೊಸಿಷನ್ ಎರರ್’ ಅಂತಾಳೆ, ಕಾಮರ್ಸ್ ಓದಿದವಳು. ಹಿರಿಯರು ಏನನ್ನಬೇಕು? ‘ಅಂಕಿ ಪಲ್ಟಿ’ ಅಂತ ಸದ್ಯಕ್ಕೆ ಬರೆದಿದ್ದೇನೆ. ‘ಅದಲು ಬದಲು’ ಅಂದರೆ ತೀರಾ ಸಪ್ಪೆ. ಮಂಡಿಯಲ್ಲಿ, ಸೊಸೈಟಿಯಲ್ಲಿ, ಬ್ಯಾಂಕಿನ ಹಳೇ ಲೆಜರ್‌ಗಳ ಮುಂದೆ ಕೂತು ಕೆಲಸ ಮಾಡಿದವರು ಯಾರಾದರೂ ಇದ್ದರೆ, ಈ ತಪ್ಪಿಗೆ ನಿಮ್ಮ ಬಾಯಲ್ಲಿ ಇದ್ದ ಮಾತು ಯಾವುದು ಹೇಳಿ. ಊರಿನ ಹೆಸರನ್ನೂ ಬರೆಯಿರಿ, ಹುಬ್ಬಳ್ಳಿಯ ಮಾತು ಮಧ್ಯ ಕರ್ನಾಟಕದವರ ಬಾಯಿಗೆ ಹೋಗಬಾರದು.